ಪ್ರಾಧ್ಯಾಪಕರ, ಉದ್ಯಮಿಗಳ ಜೀವನಕಥೆಗಳು: ಓದುಗರ ಪ್ರಶ್ನೆಗಳಿಗೆ ಉತ್ತರ

ಪ್ರಶ್ನೆ: ಸರ್ ಎಂ. ವಿಶ್ವೇಶ್ವರಯ್ಯನವರ ನೆನಪುಗಳ ಪುಸ್ತಕವನ್ನು ಓದಿದೆ. ಮನೆ, ಮದುವೆ, ಸ್ವಂತದ ಸುಖದುಃಖಗಳ ಮಾತು ಅದರಲ್ಲಿ ಇಲ್ಲವೆನ್ನುವಷ್ಟು ಕಡಿಮೆ. ಇದನ್ನು ಆತ್ಮಕಥೆಯೆಂದು ಕರೆಯಬಹುದೇ?
– ಎಂ.ಎ. ವಿದ್ಯಾರ್ಥಿನಿ, ಮೈಸೂರು

ಉತ್ತರ: ಆ ಪುಸ್ತಕ 1951ರಲ್ಲಿ ಇಂಗ್ಲಿಷಿನಲ್ಲಿ ಅಚ್ಚಾದಾಗ ವಿಶ್ವೇಶ್ವರಯ್ಯನವರು ತೊಂಬತ್ತರ ಆಸುಪಾಸಿನಲ್ಲಿದ್ದರು. ತಾವು ಹೇಳಹೊರಟಿರುವುದು ಕಾರ್ಯಜೀವನದ ನೆನಪುಗಳನ್ನು ಮಾತ್ರ ಎಂಬುದನ್ನು ಅವರು ಶೀರ್ಷಿಕೆಯಲ್ಲಿಯೇ ತಿಳಿಸಿದ್ದರು. ಕೊಡುತ್ತೇನೆಂದು ಹೇಳದಿದ್ದುದನ್ನು ಕೊಡಲಿಲ್ಲವೆಂದು ಆಕ್ಷೇಪಿಸುವುದು ಅಷ್ಟು ನ್ಯಾಯವಲ್ಲ. 1884ರಲ್ಲಿ ಮುಂಬಯಿ ಸರ್ಕಾರದ ಲೋಕೋಪಯೋಗಿ ಇಲಾಖೆಗೆ ಸೇರಿ, ಖಡಕ್ವಾಸ್ಲಾ ಜಲಾಶಯಕ್ಕೆ ಸ್ವಯಂಚಾಲಿತ ಬಾಗಿಲುಗಳನ್ನು ರೂಪಿಸಿ, 1908ರ ಮೂಸಿ ನದಿಯ ಪ್ರವಾಹದ ತರುವಾಯ ಹೈದರಾಬಾದಿನ ರಕ್ಷಣೆಗೆ ಯೋಜನೆ ಹಾಕಿಕೊಟ್ಟು, 1909ರಲ್ಲಿ ಮೈಸೂರಿನ ಮುಖ್ಯ ಎಂಜಿನಿಯರರಾಗಿ, 1912ರಿಂದ 1918ರವರೆಗೆ ದಿವಾನರಾಗಿ ದುಡಿದವರಿಗೆ ಆ ಕೆಲಸಗಳೇ ಸ್ವಂತದ ಕಥೆಯಾಗಿ ಕಂಡಿದ್ದರೆ ಆಶ್ಚರ್ಯವಿಲ್ಲ. ಆದ್ದರಿಂದ ಆತ್ಮಕಥೆಯೆಂದು ಧಾರಾಳವಾಗಿ ಕರೆಯಬಹುದು.

ನನ್ನ ತಕರಾರು ಬೇರೆಯದು. ಕಾರ್ಯಜೀವನದ ಪುಸ್ತಕವೆಂದ ಮೇಲೆ ಆ ಕಾರ್ಯದ ಕುರಿತು ಇತರರಿಗಿದ್ದ ಭಿನ್ನಾಭಿಪ್ರಾಯವನ್ನೂ ಓದುಗ ತಿಳಿಯಬೇಕಾಗುತ್ತದೆ. ಅದಕ್ಕೆ ಬರೆದವರೊಬ್ಬರ ಮಾತು ಸಾಲದು. ಸರ್ಕಾರಿ ನೌಕರಿಗಳಲ್ಲಿ ಬ್ರಾಹ್ಮಣೇತರರಿಗೆ ಪ್ರಾತಿನಿಧ್ಯ ಕೊಡುವ ವಿಚಾರವಾಗಿ ಮಹಾರಾಜರ ನಿಲುವಿಗೂ ಅವರ ನಿಲುವಿಗೂ ಹೊಂದಿಕೆಯಾಗದೆ ಅವರು 1918ರಲ್ಲಿ ದಿವಾನಗಿರಿಯನ್ನು ಬಿಟ್ಟರು. ಈ ಪ್ರಾತಿನಿಧ್ಯದ ವಿಚಾರವನ್ನೇ ಪರಿಶೀಲಿಸಲು ಅದೇ ವರ್ಷ ನೇಮಕವಾದ ಲೆಸ್ಲಿ ಮಿಲ್ಲರ್ ಸಮಿತಿ 1919ರಲ್ಲಿ ತನ್ನ ವರದಿಯನ್ನು ಕೊಟ್ಟಿತು. ನೀವು ಪ್ರಬಂಧ ಬರೆಯುವುದಾದರೆ ಆ ನೆನಪುಗಳ ಪುಸ್ತಕವನ್ನೂ ಈ ವರದಿಯನ್ನೂ ಜೊತೆಯಲ್ಲಿಟ್ಟುಕೊಂಡು ಓದಿರಿ. ಮನೆಯ ಸುದ್ದಿ ಇಲ್ಲದಿರುವುದಕ್ಕಿಂತ ಇಂಥ ಕಡೆಗಳಲ್ಲಿ ದಾಖಲೆಗಳು ಒಂದಕ್ಕೊಂದು ಏನು ಹೇಳುತ್ತವೆ ಎಂಬುದು ನಿಮಗೆ ಹೆಚ್ಚಿನದನ್ನು ಕಲಿಸುತ್ತದೆ.

ಅಧ್ಯಾಪಕರ ವಿಷಯಕ್ಕೆ ಬಂದರೆ ಕನ್ನಡ ಸಾಕಷ್ಟು ಶ್ರೀಮಂತವಾಗಿದೆ. ಗೌರಿಬಿದನೂರು ತಾಲ್ಲೂಕಿನ ಹೊಸೂರಿನಲ್ಲಿ 1920ರಲ್ಲಿ ಹುಟ್ಟಿದ ಡಾ. ಎಚ್. ನರಸಿಂಹಯ್ಯನವರ ‘ಹೋರಾಟದ ಹಾದಿ’ಯನ್ನು ಓದಿರಿ. ಪರಮಾಣು ಭೌತವಿಜ್ಞಾನದಲ್ಲಿ ಅಮೆರಿಕದಿಂದ ಡಾಕ್ಟರೇಟ್ ಪಡೆದು ಬಂದು, ಬೆಂಗಳೂರು ವಿಶ್ವವಿದ್ಯಾಲಯದ ಕುಲಪತಿಯಾಗಿ, 1976ರಲ್ಲಿ ಪವಾಡಗಳನ್ನು ಪರೀಕ್ಷಿಸಲು ಸಮಿತಿಯನ್ನೇ ರಚಿಸಿ ಕೋಲಾಹಲಕ್ಕೆ ಕಾರಣರಾದ ಈ ಬ್ರಹ್ಮಚಾರಿ ಬಾಳಿನ ಬಹುಭಾಗವನ್ನು ವಿದ್ಯಾರ್ಥಿನಿಲಯದ ಕೊಠಡಿಯಲ್ಲಿ ಕಳೆದವರು. ಇಲ್ಲಿ ಮನೆಗೂ ಕೆಲಸಕ್ಕೂ ನಡುವೆ ಗೆರೆಯೇ ಇಲ್ಲ. ಸಸ್ಯವಿಜ್ಞಾನಿ ಬಿ.ಜಿ.ಎಲ್. ಸ್ವಾಮಿಯವರದು ಮತ್ತೊಂದು ದಾರಿ. ಮದರಾಸಿನ ಪ್ರೆಸಿಡೆನ್ಸಿ ಕಾಲೇಜಿನಲ್ಲಿ ಪ್ರಾಧ್ಯಾಪಕರೂ ಪ್ರಾಂಶುಪಾಲರೂ ಆಗಿದ್ದ ಅವರು ‘ಪ್ರಾಧ್ಯಾಪಕನ ಪೀಠದಲ್ಲಿ’ ಮೊದಲಾದ ಪುಸ್ತಕಗಳಲ್ಲಿ ಕಾಲೇಜಿನ ಒಳಜಗತ್ತನ್ನು ನಗುನಗುತ್ತಲೇ ಬಿಚ್ಚಿಟ್ಟರು. ತಾವು ಗುರುತಿಸಿದ ಒಂದು ಸಸ್ಯಕ್ಕೆ ಹಾರ್ವರ್ಡಿನ ತಮ್ಮ ಗುರು ಇರ್ವಿಂಗ್ ಬೈಲಿಯವರ ಹೆಸರನ್ನಿಟ್ಟ ಈ ವಿದ್ವಾಂಸರು ತಮ್ಮನ್ನೇ ಹಾಸ್ಯ ಮಾಡಿಕೊಳ್ಳಲು ಹಿಂಜರಿಯುವುದಿಲ್ಲ. ಈ ಗುಣ ನಮ್ಮ ಪ್ರಾಧ್ಯಾಪಕರಲ್ಲಿ ಅಷ್ಟೇನೂ ಸಾಮಾನ್ಯವಲ್ಲ. ಅರವಿಂದ ಮಾಲಗತ್ತಿಯವರ ದಲಿತ ಆತ್ಮಕಥೆ ‘ಗೌರ್ಮೆಂಟ್ ಬ್ರಾಹ್ಮಣ’ 1994ರಲ್ಲಿ ಬಂದ ಮೇಲಂತೂ, ಶಾಲೆಯ ಅಂಗಳ ಎಲ್ಲ ಮಕ್ಕಳಿಗೂ ಒಂದೇ ಆಗಿರಲಿಲ್ಲವೆಂಬುದನ್ನು ಮರೆತು ಬರೆದ ವಿದ್ವಾಂಸರ ಬಾಲ್ಯದ ನೆನಪುಗಳು ಅರ್ಧ ಮಾತ್ರ ಹೇಳಿದಂತೆ ಕಾಣತೊಡಗಿದವು.

ಪ್ರಶ್ನೆ: ಉದ್ಯಮಿಗಳ ಜೀವನಚರಿತ್ರೆಗಳನ್ನು ಬಹಳ ಓದುತ್ತೇನೆ. ಮೊದಲು ಬಡತನ, ಆಮೇಲೆ ಛಲ, ಕೊನೆಗೆ ಗೆಲುವು. ಎಲ್ಲವೂ ಒಂದೇ ಬಗೆಯವು. ಇವುಗಳಲ್ಲಿ ಎಷ್ಟನ್ನು ನಂಬಬೇಕು?
– ಕಿರಾಣಿ ವ್ಯಾಪಾರಿ, ಹುಬ್ಬಳ್ಳಿ

ಉತ್ತರ: ವ್ಯಾಪಾರ ಬಲ್ಲ ನಿಮಗೆ ನಾನು ಹೇಳಬೇಕಾದುದು ಕಡಿಮೆ. ಪುಸ್ತಕವನ್ನು ಬರೆದವರು ಯಾರು, ಬರೆಸಿದವರು ಯಾರು ಎಂಬುದನ್ನು ಮೊದಲು ನೋಡಿರಿ. ಜೆ.ಆರ್.ಡಿ. ಟಾಟಾ ಅವರು ಬದುಕಿದ್ದಾಗಲೇ, 1992ರಲ್ಲಿ, ಅವರ ಜೀವನಚರಿತ್ರೆಯನ್ನು ಹೊರತಂದ ಆರ್.ಎಂ. ಲಾಲಾ ಅವರು ಟಾಟಾ ಮನೆತನದ ಧರ್ಮದತ್ತಿಯೊಂದರ ನಿರ್ದೇಶಕರಾಗಿದ್ದವರು. ಒಳಗಿನವರಾದ್ದರಿಂದ ಹೊರಗಿನವರಿಗೆ ದಕ್ಕದ ಸಂಗತಿಗಳು ಅವರಿಗೆ ದಕ್ಕಿದವು. ಒಳಗಿನವರಾದ್ದರಿಂದಲೇ ಕಠಿಣವಾದ ತೀರ್ಪನ್ನು ಅವರಿಂದ ನಿರೀಕ್ಷಿಸುವಂತಿಲ್ಲ. ಘನಶ್ಯಾಮದಾಸ್ ಬಿರ್ಲಾ ಅವರು 1953ರಲ್ಲಿ ಪ್ರಕಟಿಸಿದ, ಗಾಂಧೀಜಿಯವರೊಡನೆ ತಮಗಿದ್ದ ಒಡನಾಟದ ಪುಸ್ತಕದಲ್ಲಿ ಆಯಾ ಕಾಲದಲ್ಲಿಯೇ ಬರೆದ ಪತ್ರಗಳು ಹೇರಳವಾಗಿವೆ. ಪತ್ರಗಳನ್ನು ಆರಿಸಿದ ಕೈ ಅವರದೇ ಆದರೂ, ಗೆದ್ದ ಮೇಲೆ ಕುಳಿತು ಹೇಳಿದ ನೆನಪಿಗಿಂತ ಅಂದಂದಿನ ಪತ್ರಕ್ಕೆ ನಾನು ಹೆಚ್ಚಿನ ತೂಕ ಕೊಡುತ್ತೇನೆ.

ಎರಡನೆಯದಾಗಿ, ದುಡ್ಡು ಎಲ್ಲಿಂದ ಬಂತು, ಎಲ್ಲಿ ಹೋಯಿತು ಎಂಬುದನ್ನು ಪುಸ್ತಕ ಹೇಳುತ್ತದೆಯೇ ಎಂದು ನೋಡಿರಿ. ಕ್ಯಾಪ್ಟನ್ ಜಿ.ಆರ್. ಗೋಪಿನಾಥ್ ಅವರ 2009ರ ಇಂಗ್ಲಿಷ್ ಆತ್ಮಕಥೆಯಲ್ಲಿ ನನಗೆ ಹಿಡಿಸಿದ್ದು ವಿಮಾನದ ಭಾಗಕ್ಕಿಂತ ಅದಕ್ಕೆ ಹಿಂದಿನದು. ಗೊರೂರಿನ ಹೇಮಾವತಿ ಅಣೆಕಟ್ಟಿನಲ್ಲಿ ಮುಳುಗಿದ ಜಮೀನಿಗೆ ಬದಲಾಗಿ ಸಿಕ್ಕಿದ ಬರಡು ನೆಲದಲ್ಲಿ ರೇಷ್ಮೆ ಬೆಳೆಯುತ್ತ, ಬೇರೆ ಬೇರೆ ವ್ಯವಹಾರಗಳಿಗೆ ಕೈಹಾಕಿ ನೋಡುತ್ತ ಕಳೆದ ವರ್ಷಗಳ ಕಥೆ ಅದು. 2003ರಲ್ಲಿ ಕಡಿಮೆ ದರದ ವಿಮಾನ ಹಾರಿಸಿದವರು ಕೆಲವೇ ವರ್ಷಗಳಲ್ಲಿ ಆ ಸಂಸ್ಥೆಯನ್ನು ವಿಜಯ್ ಮಲ್ಯ ಅವರ ಕೈಗೆ ಒಪ್ಪಿಸಬೇಕಾಯಿತು. ಬಡತನ, ಛಲ, ಗೆಲುವು ಎಂದು ನೀವು ಹೇಳುವ ಸೂತ್ರ ಇಲ್ಲಿ ಪೂರ್ತಿ ಹೊಂದುವುದಿಲ್ಲ. ಪುಸ್ತಕದ ಬೆಲೆಯೂ ಅದರಲ್ಲಿಯೇ ಇದೆ.

ಕರಾವಳಿಯ ಬ್ಯಾಂಕುಗಳ ಕಥೆಯನ್ನು ಹೀಗೆ ವ್ಯವಹಾರದ ಒಳಮನೆಯಿಂದ ಹೇಳುವ ಪುಸ್ತಕಗಳು ಇನ್ನಷ್ಟು ಬರಬೇಕೆಂಬುದು ನನ್ನ ಆಸೆ. ವೈದ್ಯರಾಗಿದ್ದ ಡಾ. ಟಿ.ಎಂ.ಎ. ಪೈ ಅವರು ಉಪೇಂದ್ರ ಅನಂತ ಪೈ, ವಾಮನ ಕುಡ್ವ ಅವರೊಡನೆ 1925ರಲ್ಲಿ ಉಡುಪಿಯಲ್ಲಿ ಎಂಟು ಸಾವಿರ ರೂಪಾಯಿ ಬಂಡವಾಳದಿಂದ ಕಟ್ಟಿದ ಸಂಸ್ಥೆ ಮುಂದೆ ಸಿಂಡಿಕೇಟ್ ಬ್ಯಾಂಕಾಯಿತು. 1928ರಲ್ಲಿ ಅದು ಆರಂಭಿಸಿದ ಪಿಗ್ಮಿ ಠೇವಣಿಯಲ್ಲಿ ಏಜೆಂಟರು ಮನೆಮನೆಗೆ, ಅಂಗಡಿ ಅಂಗಡಿಗೆ ಹೋಗಿ ಎರಡಾಣೆಯನ್ನೂ ಎತ್ತಿಕೊಂಡು ಬರುತ್ತಿದ್ದರು. ಅಷ್ಟು ಚಿಕ್ಕ ಮೊತ್ತವನ್ನು ದಿನವೂ ಎತ್ತುವ ಖರ್ಚನ್ನು ಬ್ಯಾಂಕು ಹೇಗೆ ತೂಗಿಸಿತು, ಏಜೆಂಟನ ಮೇಲೆ ಜನ ಹೇಗೆ ನಂಬಿಕೆಯಿಟ್ಟರು ಎಂಬ ಪ್ರಶ್ನೆಗಳನ್ನು ಬಿಟ್ಟು ಸ್ಥಾಪಕರ ದೂರದೃಷ್ಟಿಯನ್ನಷ್ಟೇ ಕೊಂಡಾಡಿದರೆ ನಿಮ್ಮಂಥ ವ್ಯಾಪಾರಿಗೆ ಅದರಿಂದ ಏನೂ ಸಿಗುವುದಿಲ್ಲ. ನಮ್ಮಲ್ಲಿ ಉದ್ಯಮಿಗಳ ಕುರಿತು ಬರುವುದರಲ್ಲಿ ಬಹುಪಾಲು ಅಭಿನಂದನ ಗ್ರಂಥಗಳೇ. ಅವನ್ನು ಎಸೆಯಬೇಡಿ, ಸಚಿವರ ಸಂದೇಶಗಳನ್ನು ದಾಟಿ, ಹಳೆಯ ಗುಮಾಸ್ತರೋ ಲೆಕ್ಕಿಗರೋ ಬರೆದ ಲೇಖನವಿದ್ದರೆ ಮೊದಲು ಅದನ್ನು ಓದಿರಿ.

ಪ್ರಶ್ನೆ: ಮೂರು ದಶಕ ಪಾಠ ಹೇಳಿ ನಿವೃತ್ತನಾಗಿದ್ದೇನೆ. ಆತ್ಮಕಥೆ ಬರೆಯಿರೆಂದು ಮಕ್ಕಳು ಒತ್ತಾಯಿಸುತ್ತಿದ್ದಾರೆ. ದಿನಚರಿ ಇಟ್ಟವನಲ್ಲ, ಈಗ ಕಣ್ಣೂ ಮಂದವಾಗಿದೆ. ಬರೀ ನೆನಪಿನಿಂದ ಬರೆಯಬಹುದೇ? ಬೇರೆಯವರಿಂದ ಬರೆಸಿದರೆ ತಪ್ಪೇ?
– ನಿವೃತ್ತ ಉಪನ್ಯಾಸಕ, ಶಿವಮೊಗ್ಗ

ಉತ್ತರ: ಬರೆಯಬಹುದು. ಸಮಾಜಶಾಸ್ತ್ರಜ್ಞ ಎಂ.ಎನ್. ಶ್ರೀನಿವಾಸ್ ಅವರು 1948ರಲ್ಲಿ ಮೈಸೂರು ಸೀಮೆಯ ಹಳ್ಳಿಯೊಂದರಲ್ಲಿದ್ದು ಮಾಡಿದ ಅಧ್ಯಯನದ ಪರಿಷ್ಕೃತ ಟಿಪ್ಪಣಿಗಳ ಮೂರೂ ಪ್ರತಿಗಳು 1970ರ ಏಪ್ರಿಲಿನಲ್ಲಿ ಅಮೆರಿಕದ ಸ್ಟ್ಯಾನ್‌ಫರ್ಡಿನಲ್ಲಿ ಯಾರೋ ಹಚ್ಚಿದ ಬೆಂಕಿಗೆ ಆಹುತಿಯಾದವು. ಆಮೇಲೆ ಅವರು ಆ ಹಳ್ಳಿಯನ್ನು ನೆನಪಿನಿಂದಲೇ ಬರೆಯಲು ಕುಳಿತರು; 1976ರಲ್ಲಿ ಹೊರಬಂದ ಆ ಪುಸ್ತಕವೇ ಅವರ ಬರಹಗಳಲ್ಲಿ ಹೆಚ್ಚು ಓದುಗರನ್ನು ಗಳಿಸಿತು. ಆದರೆ ಅವರು ಆ ಟಿಪ್ಪಣಿಗಳೊಡನೆ ವರ್ಷಗಟ್ಟಲೆ ಬಾಳಿದ್ದರೆಂಬುದನ್ನು ಮರೆಯಬಾರದು. ನೀವೂ ಇಸವಿ, ಹೆಸರು, ಆದೇಶಗಳನ್ನು ಕಾಲೇಜಿನ ವಾರ್ಷಿಕ ಸಂಚಿಕೆಗಳೊಡನೆ, ಸೇವಾ ಪುಸ್ತಕದೊಡನೆ, ಹಳೆಯ ಸಹೋದ್ಯೋಗಿಗಳೊಡನೆ ತಾಳೆ ನೋಡಿಕೊಳ್ಳಿ. ಬಡ್ತಿ ತಪ್ಪಿದ ಕಥೆಗೆ ಒಂದು ಅಧ್ಯಾಯ ಸಾಕು. ತರಗತಿಯಲ್ಲಿ ಏನನ್ನು ಹೇಗೆ ಕಲಿಸಿದಿರಿ, ಪಠ್ಯ ಬದಲಾದಾಗ ಏನು ಮಾಡಿದಿರಿ, ಯಾವ ಪಾಠ ಕೊನೆಗೂ ಮಕ್ಕಳಿಗೆ ಹತ್ತಲಿಲ್ಲ ಎಂಬುದಕ್ಕೆ ಉಳಿದ ಪುಟಗಳನ್ನು ಕೊಡಿ. ಅದು ಬೇರೆ ಯಾವ ದಾಖಲೆಯಲ್ಲಿಯೂ ಸಿಗುವುದಿಲ್ಲ.

ಬರೆಸುವುದರಲ್ಲಿ ತಪ್ಪೇನಿಲ್ಲ. ಇಂಗ್ಲಿಷ್ ಪ್ರಾಧ್ಯಾಪಕರಾಗಿದ್ದ ಯು.ಆರ್. ಅನಂತಮೂರ್ತಿಯವರು ‘ಸುರಗಿ’ಯನ್ನು ಹೇಳುತ್ತ ಹೋದರು, ಜ.ನಾ. ತೇಜಶ್ರೀ ಅವರು ಬರಹಕ್ಕಿಳಿಸಿದರು. ಅಮುಲ್‌ನ ವರ್ಗೀಸ್ ಕುರಿಯನ್ ಅವರ 2005ರ ಆತ್ಮಕಥೆಯೂ ಗೌರಿ ಸಾಲ್ವಿ ಅವರಿಗೆ ಹೇಳಿ ಬರೆಸಿದ್ದು. ಎರಡೂ ಕಡೆ ಬರೆದುಕೊಂಡವರ ಹೆಸರನ್ನು ಮುಚ್ಚಿಟ್ಟಿಲ್ಲ. ನಿಮ್ಮ ಮೊಮ್ಮಕ್ಕಳಲ್ಲಿ ಯಾರಾದರೂ ಬರೆದುಕೊಟ್ಟರೆ ಅವರ ಹೆಸರನ್ನು ಒಳಪುಟದ ಕೃತಜ್ಞತೆಯ ಸಾಲಿಗೆ ಸೇರಿಸಿ ಮುಗಿಸದೆ ಶೀರ್ಷಿಕೆ ಪುಟದಲ್ಲಿಯೇ ಅಚ್ಚು ಹಾಕಿಸಿ. ಧ್ವನಿಮುದ್ರಣ ಮಾಡಿಕೊಂಡಿದ್ದರೆ ಅದನ್ನು ಅಳಿಸದೆ ಇಟ್ಟುಕೊಳ್ಳಲು ಹೇಳಿ.