ಸೊಮಾಲಿಯಾದ ಬಡತನದಿಂದ ವಿಜಯಪುರಕ್ಕೇನು?

ಸರ್, ಸೊಮಾಲಿಯಾ ಬಡ ದೇಶವಾದರೆ ವಿಜಯಪುರದಲ್ಲಿ ಕೂತ ನಮಗೇನು ಆತಂಕ ಅಂತ ಕೇಳಿದ್ದೀರಿ. ಸಂಬಂಧ ಇದೆ. ಆದರೆ ಸುಮ್ನೆ ಬಡತನವನ್ನೇ ದೂರಬೇಡಿ. ನಮ್ಮ ಇಂಡಿ, ಸಿಂದಗಿ ಕಡೆಯಿಂದಲೂ ಜನ ಗುಳೆ ಹೋಗುತ್ತಾರೆ, ದುಡಿಯೋದಕ್ಕೆ. ಬಂದೂಕು ಹಿಡಿಯೋದಕ್ಕಲ್ಲ. ಇಲ್ಲಿ ರೇಷನ್ ಅಂಗಡಿ, ಠಾಣೆ, ಕೋರ್ಟು ಕುಂಟುತ್ತಾದರೂ ನಡೆಯುತ್ತವೆ.

ಸೊಮಾಲಿಯಾದಲ್ಲಿ 1991ರಲ್ಲಿ ಸರ್ಕಾರವೇ ಕುಸಿದುಬಿತ್ತು. ಕಡಲು ಕಾಯುವವರು ಇಲ್ಲವಾದರು. ವಿದೇಶಿ ಹಡಗುಗಳು ಬಂದು ಅಕ್ರಮವಾಗಿ ಮೀನು ಬಾಚಿಕೊಂಡು ಹೋದವು. ಕೆಲವು ಮೀನುಗಾರರು ಅವನ್ನು ತಡೆಯಲು ಬಂದೂಕು ಹಿಡಿದರು. ಆಮೇಲೆ ಬಂಡವಾಳ ಹಾಕುವವರು, ಶಸ್ತ್ರಧಾರಿ ಗುಂಪುಗಳು ಸೇರಿಕೊಂಡು ಹಡಗು ಹಿಡಿದು ಒತ್ತೆಹಣ ಕೇಳೋದೇ ದೊಡ್ಡ ದಂಧೆಯಾಯಿತು. 2008ರಿಂದ ನಮ್ಮ ನೌಕಾಪಡೆ ಸೊಮಾಲಿಯಾ, ಯೆಮನ್ ನಡುವಿನ ಏಡನ್ ಕೊಲ್ಲಿಯಲ್ಲಿ ಕಾವಲಿದೆ. 2024ರ ಮಾರ್ಚ್‌ನಲ್ಲಿ ‘ರುಯೆನ್’ ಹಡಗಿನಿಂದ 17 ಸಿಬ್ಬಂದಿಯನ್ನು ಬಿಡಿಸಿ, 35 ಕಡಲ್ಗಳ್ಳರನ್ನು ಹಿಡಿಯಿತು. ಆದರೆ ದಡದಲ್ಲಿ ಗಟ್ಟಿ ಸರ್ಕಾರ ಇಲ್ಲದೆ ಈ ಕಾವಲು ಎಷ್ಟು ವರ್ಷ, ಹೇಳಿ?

ಎದುರು ದಡದ ಯೆಮನ್ ಕೂಡ ಅಂತರ್ಯುದ್ಧದಲ್ಲಿ ಒಡೆದುಹೋದ ಬಡ ದೇಶ. 2023ರ ನವೆಂಬರ್‌ನಿಂದ ಅಲ್ಲಿನ ಹೂತಿ ಬಂಡುಕೋರರು ಕೆಂಪು ಸಮುದ್ರದಲ್ಲಿ ಹಡಗುಗಳ ಮೇಲೆ ದಾಳಿ ಶುರು ಮಾಡಿದರು. ಬಹಳಷ್ಟು ಹಡಗುಗಳು ಆಫ್ರಿಕಾ ಸುತ್ತಿಕೊಂಡು ಯುರೋಪಿಗೆ ಹೋದವು. ಬಾಡಿಗೆ ಜಾಸ್ತಿ, ದಿನವೂ ಜಾಸ್ತಿ. ಯುರೋಪಿಗೆ ದ್ರಾಕ್ಷಿ ತಲುಪೋದು ತಡವಾದರೆ ಏನಾಗುತ್ತದೆ ಅಂತ ದ್ರಾಕ್ಷಿ ಬೆಳೆಯೋ ನಮ್ಮ ತಿಕೋಟಾ ಕಡೆಯವರಿಗೆ ಬಿಡಿಸಿ ಹೇಳಬೇಕಿಲ್ಲ, ಅಲ್ವಾ?