ಪ್ರತಿಕ್ರಿಯೆ: ಹಳ್ಳಿಯಿಂದ ಬಂದ ಖ್ಮೇರ್ (ಕಾಂಬೋಡಿಯಾದ) ಕಲಾವಿದರು

ಕಾಂಬೋಡಿಯಾದ ಹಳ್ಳಿಯಲ್ಲಿ ಹುಟ್ಟಿ, ಸಿನಿಮಾದಿಂದ ಹೆಸರು ಮಾಡಿ, ಆಮೇಲೆ ತಮ್ಮ ಜನರ ಪರ ನಿಂತವರು ಯಾರಿದ್ದಾರೆ ಅಂತ ಕೇಳಿದ್ದೀರಿ. ಮೊದಲು ಹೈಂಗ್ ನೋರ್ ಬಗ್ಗೆ ಓದಿ. ತಾಕೇವ್ ಪ್ರಾಂತ್ಯದ ಹಳ್ಳಿಯವರು, ರಾಜಧಾನಿ ಫ್ನಾಮ್ ಪೆನ್‌ನಲ್ಲಿ ಹೆರಿಗೆ ಡಾಕ್ಟರ್. 1975ರಲ್ಲಿ ಖ್ಮೇರ್ ರೂಜ್ ಎಂಬ ಉಗ್ರ ಕಮ್ಯುನಿಸ್ಟರ ಆಡಳಿತ ಬಂತು. ಓದಿದವರನ್ನು ಹುಡುಕಿ ಕೊಲ್ಲುತ್ತಿದ್ದ ಕಾಲ ಅದು. ಡಾಕ್ಟರ್ ಅನ್ನೋದನ್ನೇ ಮುಚ್ಚಿಟ್ಟರು, ಓದಿದವರ ಗುರುತು ಅಂತ ಕನ್ನಡಕವನ್ನೂ ಬಿಟ್ಟರು. ಕೊನೆಗೆ ಹೆಂಡತಿ ಹೆರಿಗೆ ಸಮಯದಲ್ಲಿ ಕಣ್ಣೆದುರೇ ತೀರಿಕೊಂಡರು. ಎಂಥ ಸಂಕಟ ಅಲ್ವಾ?

ಆಮೇಲೆ ನೋರ್ ನಿರಾಶ್ರಿತರಾಗಿ ಅಮೆರಿಕಕ್ಕೆ ಹೋದರು. ನಟನೆ ಕಲಿತವರೇ ಅಲ್ಲ. ಆದರೂ ಆ ಆಡಳಿತದ ಕಾಲದ ಕಥೆಯ ‘ದಿ ಕಿಲ್ಲಿಂಗ್ ಫೀಲ್ಡ್ಸ್’ ಸಿನಿಮಾದ ನಟನೆಗೆ 1985ರಲ್ಲಿ ಅವರಿಗೆ ಆಸ್ಕರ್ ಬಂತು. ಸುಮ್ನೆ ಸ್ಟಾರ್ ಆಗಿ ಕೂರಲಿಲ್ಲ. ನಿರಾಶ್ರಿತರಿಗಾಗಿ ಓಡಾಡಿದರು, ಹುಟ್ಟೂರಲ್ಲಿ ಶಾಲೆ ಕಟ್ಟಿಸಿದರು. 1996ರಲ್ಲಿ ಲಾಸ್ ಏಂಜಲೀಸ್‌ನ ಮನೆಯ ಹೊರಗೆ ಅವರನ್ನು ಗುಂಡಿಕ್ಕಿ ಕೊಂದರು. ಅವರ ಆತ್ಮಕಥೆಯೂ ಇದೆ, ಇಂಗ್ಲಿಷ್‌ನಲ್ಲಿ. ಅಲ್ಲಿಂದಲೇ ಶುರು ಮಾಡಿ.