ಮಗುಗಿಂತ ಹುಳು ಹೆಚ್ಚಾ?

ನನ್ನ ಹತ್ತಿರ ಸಲಹೆಗೆ ಬಂದ ಗಂಡ ಹೆಂಡತಿಯ ಕಥೆ ಇದು. ಗುರುತು ಸಿಗಬಾರದು ಅಂತ ವಿವರ ಸ್ವಲ್ಪ ಬದಲಿಸಿದ್ದೇನೆ.

ಶಿಡ್ಲಘಟ್ಟದ ಕಡೆ ರೇಷ್ಮೆ ಬೆಳೆಯುವ ಮನೆ. ಮಗ, ಸೊಸೆ ಇಬ್ಬರಿಗೂ ಬೆಂಗಳೂರಲ್ಲಿ ಕೆಲಸ, ಸೊಸೆ ಹುಟ್ಟಿ ಬೆಳೆದಿದ್ದೂ ಅಲ್ಲೇ. ಎರಡು ವರ್ಷದ ಮಗುವನ್ನು ಕರೆದುಕೊಂಡು ಊರಿಗೆ ಹೋದಾಗ ರಾತ್ರಿ ಸೊಳ್ಳೆ ಕಾಟ ಜಾಸ್ತಿ ಅಂತ ಈಕೆ ಬ್ಯಾಗಿನಿಂದ ಸೊಳ್ಳೆ ಲಿಕ್ವಿಡ್ ತೆಗೆದು ಪ್ಲಗ್ಗಿಗೆ ಹಾಕಿದ್ದಾರೆ. ಪಕ್ಕದ ಕೋಣೆ ತುಂಬಾ ರೇಷ್ಮೆಹುಳು. ಅತ್ತೆ ಕಿರುಚಿಕೊಂಡು ಬಂದು ಅದನ್ನು ಕಿತ್ತು ಅಂಗಳಕ್ಕೆ ಎಸೆದಿದ್ದಾರೆ.

"ನನ್ನ ಮಗುಗಿಂತ ಅವರಿಗೆ ಹುಳುನೇ ಹೆಚ್ಚು ಮೇಡಂ." ಅವತ್ತಿಂದ ಈಕೆ ಊರಿಗೆ ಹೋಗಿಲ್ಲ.

ಅತ್ತೆಯನ್ನು ನಾನು ನೋಡಿಲ್ಲ. ಆದರೆ ಸೊಳ್ಳೆ ಔಷಧಿ ಅಂದರೆ ಕೀಟನಾಶಕ, ರೇಷ್ಮೆಹುಳುವೂ ಕೀಟವೇ ಅಲ್ವಾ? ನಾಲ್ಕನೇ ಜ್ವರ (ಹುಳು ಸೊಪ್ಪು ಬಿಟ್ಟು ಪೊರೆ ಕಳಚುವ ಹೊತ್ತು) ಮುಗಿಸಿ ಎದ್ದ ಹುಳು ಒಂದು ವಾರ ಹಗಲು ರಾತ್ರಿ ಸೊಪ್ಪು ತಿಂದು, ಗೂಡು ಕಟ್ಟೋಕೆ ಚಂದ್ರಿಕೆ ಅನ್ನೋ ತಟ್ಟೆ ಹತ್ತಬೇಕು, ಸುಮಾರು 25 ದಿನ ಸುರಿದ ದುಡ್ಡು, ಕೂಲಿ, ನಿದ್ದೆ ಎಲ್ಲಾ ಆ ವಾರದ ಮೇಲೇ ನಿಂತಿರುತ್ತೆ. ಎಸೆದಿದ್ದು ಸರಿಯಲ್ಲ. ಆದರೆ ಅದು ಭಯಕ್ಕೆ ಆಗಿದ್ದು.

ನನಗೆ ಸಿಟ್ಟು ಬಂದಿದ್ದು ಗಂಡನ ಮೇಲೆ. ಹುಳು ಮನೆಯಲ್ಲೇ ಬೆಳೆದವರು, ಹೆಂಡತಿ ಪ್ಲಗ್ ಹಾಕುವಾಗ ಮೊಬೈಲ್ ನೋಡ್ತಾ ಪಕ್ಕದಲ್ಲೇ ಮಲಗಿದ್ದರಂತೆ. "ಬೇಡ ಅಂದ್ರೆ ನಾಳೆನೇ ವಾಪಸ್ ಹೊರಡ್ತಾಳೆ ಅಂತ ಸುಮ್ನಿದ್ದೆ." ಮಗುವಿಗೆ ಸೊಳ್ಳೆ ಕಚ್ಚಿದರೆ ಮೈಯೆಲ್ಲ ಗುಳ್ಳೆ ಏಳುತ್ತೆ ಅಂತ ಅಮ್ಮನಿಗೂ ಹೇಳಿಲ್ಲ! ಎರಡೂ ಕಡೆ ಒಳ್ಳೆಯವರಾಗಿರೋಕೆ ಬಾಯಿ ಮುಚ್ಚಿಕೊಳ್ಳುವ ಗಂಡಸರು ನನ್ನ ಹತ್ತಿರ ಸುಮಾರು ಜನ ಬರುತ್ತಾರೆ.

ಗಂಡನಿಗೆ ಹೇಳಿದ್ದು ಒಂದೇ. ಅಮ್ಮನಿಗೆ ನೀವೇ ಫೋನ್ ಮಾಡಿ, ಅವಳಿಗೆ ಗೊತ್ತಿರಲಿಲ್ಲ, ಗೊತ್ತಿದ್ದೂ ಸುಮ್ಮನಿದ್ದವನು ನಾನು ಅನ್ನಿ.

"ನಾನೇ ಕ್ಷಮೆ ಕೇಳಬೇಕಾ?" ಅಂತ ಈಕೆ ಕೇಳಿದರು. ಬೇಡ. "ಆ ಬೆಳೆ ಏನಾಯ್ತು ಅತ್ತೆ?" ಅಂತ ಕೇಳಿ ಸಾಕು, ಇಷ್ಟು ತಿಂಗಳಾದರೂ ಅದನ್ನು ಕೇಳಿಲ್ಲ ನೀವು. ಮುಂದಿನ ಚಾಕಿ, ಅಂದರೆ ಮರಿಹುಳು, ಯಾವಾಗ ತರ್ತಾರೆ ಅಂತಲೂ ಕೇಳಿಕೊಳ್ಳಿ, ಗೂಡು ಬಿಡಿಸಿ ಮಾರಿದ ಮೇಲೆ ಹೋಗಿ. ಆಗ ಅವರಿಗೂ ಮೊಮ್ಮಗನನ್ನು ಎತ್ತಿಕೊಳ್ಳೋಕೆ ಪುರುಸೊತ್ತು ಇರುತ್ತೆ. ಮಗುವಿಗೆ ಸೊಳ್ಳೆ ಪರದೆ ತಗೊಂಡು ಹೋಗಿ.

ಯುಗಾದಿಗೆ ಹೋಗ್ತೀವಿ ಅಂದರು ಇಬ್ಬರೂ. ಬೇಡ ಅಂದೆ. ಹಬ್ಬದ ಮಾರನೇ ದಿನ ಹೊಸತೊಡಕಿಗೆ ಮನೆ ತುಂಬಾ ನೆಂಟರಿರುತ್ತಾರೆ, ಅವರ ಮುಂದೆ ಹಳೇದು ಎದ್ದರೆ ಯಾರೂ ಬಗ್ಗಲ್ಲ. ಅದಕ್ಕೂ ಮೊದಲೇ ಒಂದು ಸಾದಾ ಭಾನುವಾರ, ಒಂದೇ ರಾತ್ರಿ ಇದ್ದು ಬನ್ನಿ.